ಯಂತ್ರದ ನಾದ, ನಮ್ಮ ರಾಗ

ಮಲಯಾಳದಲ್ಲಿ ಗಾನಮೇಳವೆನ್ನಿ, ಕನ್ನಡದಲ್ಲಿ ರಸಮಂಜರಿಯೆನ್ನಿ, ನಮ್ಮ ಜಾತ್ರೆ ಉತ್ಸವಗಳ ವೇದಿಕೆಯಲ್ಲಿ ಕೀಬೋರ್ಡಿಗೆ ದೊಡ್ಡ ಸ್ಥಾನವಿದೆ. ಕೊಳಲು, ಪಿಟೀಲು, ತಬಲ ಎಲ್ಲವೂ ಅದರೊಳಗೇ. 'ಅದು ಯಂತ್ರದ ಸದ್ದು, ಸಂಗೀತವಲ್ಲ' ಎಂಬುದು ಹಿರಿಯರ ದೂರು. ಇದರಲ್ಲಿ ಎಷ್ಟು ಹುರುಳಿದೆ?

ಸಿಂಥಸೈಜರ್ ಎಂದರೆ ವಿದ್ಯುತ್ತಿನಿಂದಲೇ ನಾದ ಹುಟ್ಟಿಸುವ ವಾದ್ಯ. ತಂತಿಯಿಲ್ಲ, ತಿದಿಯಿಲ್ಲ. 1983ರಲ್ಲಿ ಬಂದ ಯಮಹಾ ಡಿಎಕ್ಸ್-7 ಅದನ್ನು ಲೋಕದ ಎಲ್ಲೆಡೆಗೆ ಮುಟ್ಟಿಸಿತು. 1987ರ 'ಪ್ರೇಮಲೋಕ' ಚಿತ್ರದಲ್ಲಿ ಹಂಸಲೇಖರ ಹಾಡುಗಳು ಅಂದಿನ ಯುವಕರಿಗೆ ಹೊಸತೆನಿಸಿದ್ದಕ್ಕೆ ಈ ನಾದವೂ ಒಂದು ಕಾರಣ.

ಮನೆಗಳನ್ನು ಕಟ್ಟಿಟ್ಟ ವಾದ್ಯದಲ್ಲಿ ಗಮಕ ಬಾರದು ಎಂಬ ಆಕ್ಷೇಪ ಹಳೆಯದು. ಹಾರ್ಮೋನಿಯಂ ಮೇಲೂ ಇದೇ ಆಕ್ಷೇಪವಿತ್ತು. 1940ರಲ್ಲಿ ರೇಡಿಯೋವೇ ಅದನ್ನು ನಿಷೇಧಿಸಿತು. ನಿಷೇಧ ಸಡಿಲವಾದದ್ದು 1971ರಲ್ಲಿ. ಇಂದು ನಮ್ಮ ಭಜನಾ ಮಂದಿರಗಳಲ್ಲಿ ಹಾರ್ಮೋನಿಯಂ ಪರಕೀಯವೆಂದು ಯಾರಾದರೂ ಹೇಳುತ್ತಾರೆಯೇ?

ಮುಂಬಯಿಯ ಸಿನಿಮಾ ವಾದ್ಯಗಾರ ಚರಣ್‌ಜಿತ್ ಸಿಂಗ್ ಇದಕ್ಕೊಂದು ಉತ್ತರ ಕೊಟ್ಟರು. 1982ರಲ್ಲಿ ಜಪಾನಿನ ರೋಲಂಡ್ ಕಂಪೆನಿಯ ಮೂರು ಯಂತ್ರಗಳಲ್ಲಿ, ಡಿಸ್ಕೋ ತಾಳಕ್ಕೆ, ಹತ್ತು ರಾಗಗಳನ್ನು ನುಡಿಸಿ ಧ್ವನಿಮುದ್ರಿಕೆ ಹೊರತಂದರು. ನಮ್ಮ ಮೋಹನವನ್ನು ಹೋಲುವ ಭೂಪಾಲಿ, ಹಿಂದೋಳವನ್ನು ಹೋಲುವ ಮಾಲಕಂಸ್ ಅದರಲ್ಲಿವೆ. ಅವುಗಳಲ್ಲಿ ಟಿಬಿ-303 ಎಂಬ ಯಂತ್ರಕ್ಕೆ ಸ್ವರದಿಂದ ಸ್ವರಕ್ಕೆ ಜಾರುವ ಗುಣವಿತ್ತು. ರಾಗ ಬಲ್ಲ ಕಿವಿ ಅದನ್ನು ಗುರುತಿಸಿತು. ಆದರೆ ಮುದ್ರಿಕೆ ಆಗ ಮಾರಾಟವಾಗಲಿಲ್ಲ.

1987ರಲ್ಲಿ ಅಮೆರಿಕದ ಶಿಕಾಗೋ ನಗರದ ಯುವಕರು, ಸಿಂಗ್ ಅವರ ವಿಷಯ ತಿಳಿಯದೆಯೇ, ಅದೇ ಯಂತ್ರದಿಂದ 'ಆಸಿಡ್ ಹೌಸ್' ಎಂಬ ಕುಣಿತದ ಸಂಗೀತವನ್ನು ಕಟ್ಟಿದರು. 2010ರಲ್ಲಿ ಸಿಂಗ್ ಅವರ ಮುದ್ರಿಕೆ ಹಾಲೆಂಡಿನಿಂದ ಮರುಪ್ರಕಟವಾದಾಗ ಕೇಳಿದವರು ಆ ಹೋಲಿಕೆಗೆ ಬೆರಗಾದರು. ಇಳಿವಯಸ್ಸಿನಲ್ಲಿ ಅವರು ಯುರೋಪಿನ ವೇದಿಕೆಗಳನ್ನೂ ಏರಿದರು, 2015ರಲ್ಲಿ ತೀರಿಕೊಂಡರು.

ಈಗ 'ಸಿಂಥ್‌ವೇವ್' ಎಂಬ ಪ್ರಕಾರದಲ್ಲಿ ಎಂಬತ್ತರ ದಶಕದ ಆ ನಾದವನ್ನೇ, ಅಂದು ಹುಟ್ಟಿಯೂ ಇರದ ಮಕ್ಕಳು ಹುಡುಕಿ ನುಡಿಸುತ್ತಿದ್ದಾರೆ. ಒಂದು ಕಾಲದ ಹೊಸ ಸದ್ದು ಇನ್ನೊಂದು ಕಾಲಕ್ಕೆ ಹಳೆಯ ನೆನಪಾಗುತ್ತದೆ.

ಹಾಗಾದರೆ ಹಿರಿಯರ ದೂರು ಪೂರ್ತಿ ಸುಳ್ಳೇ? ಅಲ್ಲ. ಗುಂಡಿಯೊತ್ತಿ ಸಿದ್ಧ ತಾಳ ಹಾಕಿ, ಒಂದೇ ಬೆರಳಲ್ಲಿ ಹಾಡು ಮುಗಿಸಿದರೆ ಅಲ್ಲಿ ಕೊಳಲಿನವನ ಕೂಲಿಯೂ ಹೋಯಿತು, ರಾಗವೂ ಹೋಯಿತು. ಆದ್ದರಿಂದ ಉತ್ಸವ ಸಮಿತಿಯವರಲ್ಲಿ ಒಂದು ಮಾತು: ಕೀಬೋರ್ಡ್ ಇರಲಿ, ಪಕ್ಕದಲ್ಲಿ ಊರಿನ ವಾದ್ಯಗಾರನಿಗೂ ಒಂದು ಮೈಕ್ ಇರಲಿ. ಕೀಬೋರ್ಡ್ ಕಲಿಯುವ ಮಕ್ಕಳಿಗೆ ಮೊದಲು ಮೋಹನದ ಆರೋಹಣ ಅವರೋಹಣಗಳನ್ನು ಹಾಡಲು ಕಲಿಸಿ.