ಮಾತು ಬಿಟ್ಟ ನಟ



ನಾಟಕವೆಂದರೆ ಊಟ ನಿದ್ದೆ ಬಿಡುವ ಜನ ನಾವು. ಆದುದರಿಂದಲೇ ಸಿನಿಮಾವನ್ನು ಪರದೆಯ ಮೇಲಿನ ನಾಟಕವೆಂದು ಬಗೆಯುವ ರೂಢಿ ನಮ್ಮಲ್ಲಿ ಬೇರೂರಿದೆ. ಈ ರೂಢಿಯನ್ನು ಮೂಕಚಿತ್ರಗಳ ಕಾಲದಲ್ಲಿಯೇ ಅಲ್ಲಗಳೆದವರಲ್ಲಿ ನಾಟಕದ ನಟನೊಬ್ಬನಿದ್ದನೆಂಬುದು ಸೋಜಿಗ. ಆತ ಜರ್ಮನಿಯ ಪೌಲ್ ವೆಗೆನರ್.

೧೮೭೪ರಲ್ಲಿ ಹುಟ್ಟಿದ ವೆಗೆನರ್, ಬರ್ಲಿನ್ನಿನಲ್ಲಿ ಮಾಕ್ಸ್ ರೈನ್‌ಹಾರ್ಟನ ನಾಟಕಶಾಲೆಯ ಹೆಸರಾಂತ ನಟ. ಗಣ್ಯ ನಟರು ಸಿನಿಮಾವನ್ನು ಸಂತೆಯ ತಮಾಷೆಯೆಂದು ಮೂಗು ಮುರಿಯುತ್ತಿದ್ದ ದಿನಗಳವು. ೧೯೧೩ರಲ್ಲಿ ಆತ ‘ಪ್ರಾಗಿನ ವಿದ್ಯಾರ್ಥಿ’ ಎಂಬ ಚಿತ್ರದಲ್ಲಿ ನಟಿಸಿದ. ಹಣದಾಸೆಗೆ ಕನ್ನಡಿಯೊಳಗಿನ ಪ್ರತಿಬಿಂಬವನ್ನೇ ಮಾರಿಕೊಂಡವನ ಕಥೆ. ಬಿಂಬ, ಪ್ರತಿಬಿಂಬ ಎರಡೂ ವೆಗೆನರನೇ. ಛಾಯಾಗ್ರಾಹಕ ಗ್ವಿಡೋ ಜೇಬರ್ ಮಸೂರದ ಅರ್ಧವನ್ನು ಮುಚ್ಚಿ ಒಮ್ಮೆ ಚಿತ್ರ ತೆಗೆದು, ಫಿಲ್ಮನ್ನು ಹಿಂದಕ್ಕೆ ಸುತ್ತಿ, ಇನ್ನರ್ಧವನ್ನು ಮುಚ್ಚಿ ಮತ್ತೊಮ್ಮೆ ತೆಗೆದ. ನಟನಾದವನು ಯಾರೂ ಇಲ್ಲದ ಬರಿಯ ಜಾಗವನ್ನು ನೋಡಿ ಬೆಚ್ಚಬೇಕು, ಆಮೇಲೆ ಅದೇ ಜಾಗಕ್ಕೆ ಹೋಗಿ ತಾನೇ ನಿಲ್ಲಬೇಕು! ನಮ್ಮ ಕಂಪನಿ ನಾಟಕಗಳಲ್ಲಿ ಎರಡೆರಡು ಪಾತ್ರ ಕಟ್ಟಿದವರಿಗೂ ಈ ಪಾಡು ಬಂದಿರಲಾರದು.

೧೯೧೬ರಲ್ಲಿ ಆತ ಬರ್ಲಿನ್ನಿನಲ್ಲಿ ಮಾಡಿದ ಭಾಷಣದ ತಾತ್ಪರ್ಯವಿಷ್ಟು: ನಾಟಕ, ಕಾದಂಬರಿಗಳ ಹಂಗು ಬಿಡಬೇಕು, ಚಲಚ್ಚಿತ್ರಕ್ಕೆ ಕ್ಯಾಮರಾವೇ ಕವಿ. ಮಾತಿನಿಂದ ಅನ್ನ ತಿಂದ ನಟನ ಬಾಯಲ್ಲಿ ಈ ಮಾತು!

ಪ್ರಾಗಿನಲ್ಲಿ ಯಹೂದ್ಯರ ಐತಿಹ್ಯವೊಂದು ಅವನ ಕಿವಿಗೆ ಬಿದ್ದಿತ್ತು. ತನ್ನ ಜನರನ್ನು ಕಾಯಲೆಂದು ರಬ್ಬಿ ಲೋವ್ ಮಣ್ಣಿನ ಮನುಷ್ಯನನ್ನು ಮಾಡಿ ಜೀವ ತುಂಬಿದನಂತೆ, ಅವನೇ ಗೋಲೆಮ್. ಈ ಕಥೆಯನ್ನು ವೆಗೆನರ್ ೧೯೧೫ರಲ್ಲಿ ಹೆನ್ರಿಕ್ ಗಾಲೀನನೊಡನೆ, ೧೯೨೦ರಲ್ಲಿ ಕಾರ್ಲ್ ಬೋಜೆಯೊಡನೆ ನಿರ್ದೇಶಿಸಿದ. ಮೊದಲನೆಯದರ ತುಣುಕುಗಳಷ್ಟೇ ಉಳಿದಿವೆ. ಎರಡನೆಯದಕ್ಕಾಗಿ ವಾಸ್ತುಶಿಲ್ಪಿ ಹಾನ್ಸ್ ಪೋಲ್ಸಿಗ್ ಬಾಗಿದ ಗೋಡೆ, ಚೂಪು ಮಾಡುಗಳ ಒಂದು ಕೇರಿಯನ್ನೇ ಕಟ್ಟಿಸಿದ. ನಿರ್ದೇಶಕನೇ ನಟನಾದರೆ ತನ್ನ ಕುಣಿತಕ್ಕೆ ಜಾಗ ಮಾಡಿಕೊಳ್ಳುವುದು ಲೋಕಾರೂಢಿ. ಈತ ಆರಿಸಿಕೊಂಡದ್ದು ಮುಖ ಅಲುಗದ, ಹೆಜ್ಜೆ ಬಗ್ಗದ ಗೋಲೆಮನ ವೇಷ. ಕೊನೆಗೆ ಕೇರಿಯ ಹೆಬ್ಬಾಗಿಲನ್ನು ಮುರಿದು ಗೋಲೆಮ್ ಹೊರಬೀಳುತ್ತಾನೆ. ಆಡುತ್ತಿದ್ದ ಮಕ್ಕಳೆಲ್ಲ ಓಡಿಹೋಗುತ್ತಾರೆ, ಒಬ್ಬ ಪುಟ್ಟ ಹುಡುಗಿಯ ಹೊರತು. ಅವಳು ಸೇಬು ನೀಡುತ್ತಾಳೆ, ಅವನು ಎತ್ತಿಕೊಳ್ಳುತ್ತಾನೆ. ಆ ಭಾರಿ ಮುಖದಲ್ಲಿ ಆಗ ಮೂಡುವ ನಗೆಯನ್ನು ನೋಡಬೇಕು! ಮಗು ಆಟವಾಡುತ್ತ ಅವನ ಎದೆಯ ಮೇಲಿನ ನಕ್ಷತ್ರವನ್ನು ಕಿತ್ತುಬಿಡುತ್ತದೆ. ಅಷ್ಟೇ, ಮಣ್ಣು ಮಣ್ಣಾಗುತ್ತದೆ.

ಇಷ್ಟಕ್ಕೇ ನಿಲ್ಲಿಸಿದರೆ ನಾವು ಅರ್ಧಸತ್ಯ ಹೇಳಿದಂತಾದೀತು. ಯಹೂದ್ಯರ ಐತಿಹ್ಯಕ್ಕೆ ರೂಪ ಕೊಟ್ಟ ಈ ಕಲಾವಿದ ನಾಟ್ಸಿಗಳು ಬಂದ ಮೇಲೂ ಜರ್ಮನಿಯಲ್ಲೇ ಉಳಿದ. ೧೯೪೫ರ ಜನವರಿಯಲ್ಲಿ ತೆರೆಕಂಡ ‘ಕೋಲ್ಬೆರ್ಗ್’ ಎಂಬ ಅವರ ಪ್ರಚಾರಚಿತ್ರದಲ್ಲೂ ವೇಷ ಹಾಕಿದ. ಅದೇ ವರ್ಷದ ಸೆಪ್ಟೆಂಬರಿನಲ್ಲಿ, ಹಾಳುಬಿದ್ದ ಬರ್ಲಿನ್ನಿನ ಡಾಯ್ಚೆಸ್ ಥಿಯೇಟರಿನಲ್ಲಿ ಲೆಸ್ಸಿಂಗನ ‘ಜ್ಞಾನಿ ನಾಥಾನ್’ ನಾಟಕವಾಡಿದಾಗ, ಎಪ್ಪತ್ತು ವರ್ಷದ ವೆಗೆನರ್ ಯಹೂದಿ ವರ್ತಕ ನಾಥಾನನಾಗಿ ರಂಗದ ಮೇಲೆ ನಿಂತ. ಮತ್ತೆ ಮಾತಿನ ವೇಷ. ಜನವರಿಯದನ್ನು ಸೆಪ್ಟೆಂಬರಿನದು ತೊಳೆಯಿತೇ? ತೊಳೆಯಿತೆನ್ನಲು ನಮಗೆ ನಾಲಿಗೆ ಏಳದು. ಮೂರು ವರ್ಷಗಳ ತರುವಾಯ, ೧೯೪೮ರಲ್ಲಿ, ಆತ ಬರ್ಲಿನ್ನಿನಲ್ಲೇ ತೀರಿಕೊಂಡ.