ಬಿ.ಎಡ್ ಇದ್ರೂ ಒಂದನೇ ಕ್ಲಾಸಿಗೆ ಮೇಷ್ಟ್ರಾಗೋ ಹಾಗಿಲ್ಲ!

ಡಿ.ಎಲ್.ಎಡ್‌ಗಿಂತ ಬಿ.ಎಡ್ ದೊಡ್ಡದು ಅಂದ್ಕೊಂಡಿದ್ದೀರಾ? 2018ರಲ್ಲಿ ಎನ್‌ಸಿಟಿಇ ಕೂಡ, ಬಿ.ಎಡ್ ಆದವರು ಒಂದರಿಂದ ಐದನೇ ತರಗತಿಗೂ ಕಲಿಸಬಹುದು, ಸೇರಿದ ಎರಡು ವರ್ಷದೊಳಗೆ ಆರು ತಿಂಗಳ ಬ್ರಿಡ್ಜ್ ಕೋರ್ಸ್ ಮುಗಿಸಿದರೆ ಸಾಕು ಅಂದಿತ್ತು. ರಾಜಸ್ಥಾನದಲ್ಲಿ ಇದು ಕೋರ್ಟ್ ಮೆಟ್ಟಿಲೇರಿತು. ಹೈಕೋರ್ಟ್ ಆ ಆದೇಶವನ್ನೇ ರದ್ದು ಮಾಡಿತು. 2023ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟೂ ಅದನ್ನೇ ಎತ್ತಿಹಿಡಿಯಿತು. ಕಾರಣ? ಪುಟ್ಟ ಮಕ್ಕಳಿಗೆ ಕಲಿಸೋದೇ ಬೇರೆ ವಿದ್ಯೆ, ಬಿ.ಎಡ್‌ನಲ್ಲಿ ಆ ತರಬೇತಿ ಇಲ್ಲ. ನನಗಂತೂ ಸರಿ ಅನ್ಸುತ್ತೆ. ಆದ್ರೆ ಸರ್ಕಾರದ ಮಾತು ನಂಬಿ ಕೆಲಸಕ್ಕೆ ಸೇರಿದವರ ಗತಿ? 2024ರ ಏಪ್ರಿಲ್‌ನಲ್ಲಿ ಕೋರ್ಟ್ ಸ್ಪಷ್ಟಪಡಿಸಿತು: ಆ ದಿನಕ್ಕೂ ಮೊದಲು, ಯಾವುದೇ ಕೋರ್ಟ್ ಷರತ್ತಿಲ್ಲದೆ ನೇಮಕವಾದವರು ಸೇಫ್. ಓದು ಮುಗಿಸಿ ಕಾಯ್ತಾ ಇದ್ದವರಿಗೆ ಮಾತ್ರ ಆ ಬಾಗಿಲು ಮುಚ್ಚಿತು.