ಸದಲಗಾದ ಉಪಾಧ್ಯೆಯವರು



ಶಿರಗುಪ್ಪಿಯ ಸೀಮೆಯಲ್ಲಿ ಮನೆಯಲ್ಲಿ ಕನ್ನಡ, ಪೇಟೆಯಲ್ಲಿ ಮರಾಠಿ ಆಡುವುದು ಯಾರಿಗೂ ವಿಶೇಷವಲ್ಲ. ಇದೇ ಗಡಿಭಾಗದ, ದೂಧಗಂಗಾ ದಡದ ಸದಲಗಾದಲ್ಲಿ 1906ರಲ್ಲಿ ಹುಟ್ಟಿದ ಡಾ. ಆದಿನಾಥ ನೇಮಿನಾಥ ಉಪಾಧ್ಯೆಯವರು ಮಾತ್ರ ತಮ್ಮ ಆಯುಷ್ಯವನ್ನು ಯಾರ ಮನೆಯಲ್ಲೂ ಆಡದ ಭಾಷೆಯೊಂದಕ್ಕೆ ಕೊಟ್ಟರು. ಅದು ಪ್ರಾಕೃತ.

ಪ್ರಾಕೃತ ಒಂದು ಕಾಲಕ್ಕೆ ಜನರ ಮಾತು. ಅಶೋಕನು ಮಸ್ಕಿ, ಬ್ರಹ್ಮಗಿರಿಗಳ ಬಂಡೆಗಳ ಮೇಲೆ ಬರೆಸಿದ್ದು ಅದರಲ್ಲೇ. ಸಂಸ್ಕೃತ ನಾಟಕದಲ್ಲಿ ರಾಜ ಸಂಸ್ಕೃತ ನುಡಿದರೆ ರಾಣಿ ಪ್ರಾಕೃತ ನುಡಿಯುತ್ತಾಳೆ. (ಅಂದಿನ ಮನೆಗಳಲ್ಲಿ ಯಾವುದು ನಡೆಯುತ್ತಿತ್ತೆಂದು ನೀವೇ ಊಹಿಸಿ!) ಜನ ಅದನ್ನು ಬಿಟ್ಟ ಮೇಲೆ ಅದರ ಕಥೆಗಳು ಬಹುಮಟ್ಟಿಗೆ ಜೈನ ಭಂಡಾರಗಳ ಹಸ್ತಪ್ರತಿಗಳಲ್ಲಿ ಉಳಿದವು. ಗರಿಗೆ ಹುಳು ಬೀಳುತ್ತದೆ, ನಕಲು ಮಾಡುವವನ ಕಣ್ಣು ತಪ್ಪುತ್ತದೆ.

ಉಪಾಧ್ಯೆಯವರು ಕೊಲ್ಹಾಪುರದ ರಾಜಾರಾಮ ಕಾಲೇಜಿನಲ್ಲಿ ಮೂರು ದಶಕ ಪಾಠ ಹೇಳುತ್ತಲೇ ಇಂಥ ಗ್ರಂಥಗಳನ್ನು ಸಂಪಾದಿಸಿದರು. ವಿಜ್ಞಾನ ಓದಿದ ನನಗೆ ಆ ಕೆಲಸ ಪ್ರಯೋಗಶಾಲೆಯದೇ ಎನಿಸುತ್ತದೆ. ದೊರೆತ ಪ್ರತಿಗಳನ್ನು ಅಕ್ಷರಕ್ಕೆ ಅಕ್ಷರ ಹೋಲಿಸಬೇಕು. ಒಂದು ಪಾಠವನ್ನು ಆರಿಸಿದಾಗ ಬಿಟ್ಟ ಪಾಠವನ್ನೂ ಪುಟದ ಅಡಿಯಲ್ಲಿ ಕೊಡಬೇಕು. ಅನುಮಾನ ಬಂದ ಓದುಗ ಸಂಪಾದಕನನ್ನೇ ಪರೀಕ್ಷಿಸಬಹುದು.

ಕ್ರಿ.ಶ. 779ರ 'ಕುವಲಯಮಾಲೆ'ಗೆ ಅವರಿಗೆ ಆಧಾರವಾದವು ಎರಡೇ ಪ್ರತಿಗಳು: ಪುಣೆಯ ಕಾಗದದ್ದು, ಜೈಸಲ್ಮೇರಿನ ತಾಳೆಗರಿಯದು. ಮೂಲಪಾಠ 1959ರಲ್ಲಿ ಹೊರಬಂತು. ಎರಡನೆಯ ಭಾಗ 1970ರಲ್ಲಿ. ನಾನಾ ದೇಶದ ವರ್ತಕರು ಪೇಟೆಯಲ್ಲಿ ತಂತಮ್ಮ ನುಡಿಯಲ್ಲಿ ಮಾತಾಡುವ ಸನ್ನಿವೇಶ ಅದರಲ್ಲಿದೆ. ಅವರಲ್ಲಿ ಕರ್ಣಾಟಕದವರೂ ಇದ್ದಾರೆ. ಆ ಎರಡು ಪ್ರತಿಗಳೂ ಹಾಳಾಗಿದ್ದರೆ ಅಂದಿನ ಪೇಟೆಯ ಗದ್ದಲ ನಮ್ಮ ಕಿವಿಗೆ ಬೀಳುತ್ತಲೇ ಇರಲಿಲ್ಲವೇನೋ.

ಅವರು ವಿಮರ್ಶಾತ್ಮಕ ಅಧ್ಯಯನ ಬರೆದ ಹರಿಭದ್ರನ 'ಧೂರ್ತಾಖ್ಯಾನ'ವಂತೂ ಬಲು ಮೋಜಿನದು. ಉಜ್ಜಯಿನಿಯ ತೋಟದಲ್ಲಿ ಮಳೆಗೆ ಸಿಕ್ಕ ಐವರು ಮೋಸಗಾರರಿಗೆ ಹಸಿವು. ಒಬ್ಬೊಬ್ಬರೂ ತಮ್ಮ ಅನುಭವ ಹೇಳಬೇಕು. ಅದನ್ನು ನಂಬದವನು ಎಲ್ಲರಿಗೂ ಊಟ ಹಾಕಬೇಕು. ನಂಬುವವನು ಪುರಾಣದಿಂದ ಸಾಕ್ಷಿ ಕೊಡಬೇಕು. ನಾಲ್ವರು ಗಂಡಸರ ಬುರುಡೆಗಳೂ ಹೀಗೆ ದಾಟಿಹೋದವು. ಕೊನೆಗೆ ಖಂಡಪಾನಾ ಎಂಬವಳು, "ನೀವು ನಾಲ್ವರೂ ಓಡಿಹೋದ ನನ್ನ ಆಳುಗಳು, ಉಟ್ಟ ಬಟ್ಟೆಯೂ ನನ್ನದೇ" ಎಂದಳು. ಒಪ್ಪಿದರೆ ಆಳುಗಳು, ಒಪ್ಪದಿದ್ದರೆ ಊಟದ ಖರ್ಚು!

ಕನ್ನಡವೂ ಅವರಿಗೆ ದೂರವಾಗಲಿಲ್ಲ. 1967ರಲ್ಲಿ ಶ್ರವಣಬೆಳಗೊಳದ ಕನ್ನಡ ಸಾಹಿತ್ಯ ಸಮ್ಮೇಳನಕ್ಕೆ ಅವರೇ ಅಧ್ಯಕ್ಷರು. 1971ರಿಂದ ಮೈಸೂರು ವಿಶ್ವವಿದ್ಯಾನಿಲಯದಲ್ಲಿ ಪ್ರಾಕೃತದ ಪ್ರಾಧ್ಯಾಪಕರಾಗಿದ್ದು, 1975ರಲ್ಲಿ ತೀರಿಕೊಂಡರು.

1943ರಲ್ಲಿ ಅವರು ಹೊರತಂದ ಹರಿಷೇಣನ ಸಂಸ್ಕೃತ 'ಬೃಹತ್ಕಥಾಕೋಶ'ದಲ್ಲಿ 157 ಕಥೆಗಳಿವೆ. ಅದರ ಪೀಠಿಕೆಯಲ್ಲಿ ನಮ್ಮ 'ವಡ್ಡಾರಾಧನೆ'ಯ ಚರ್ಚೆಯೂ ಉಂಟು. ನಿಮ್ಮ ಪಠ್ಯದಲ್ಲಿ ವಡ್ಡಾರಾಧನೆಯ ಕಥೆಯೇನಾದರೂ ಬಂದರೆ, ಕಾಲೇಜಿನ ಗ್ರಂಥಾಲಯದಲ್ಲಿ ಆ ಪೀಠಿಕೆಯನ್ನು ಕೇಳಿ ಪಡೆದು, ಎರಡನ್ನೂ ಪಕ್ಕಪಕ್ಕ ಇಟ್ಟು ಓದಿ ನೋಡಿ.